ನಿಮ್ಮ ಪತ್ರ, ನನ್ನ ಮಾತು: ಲುಟ್ಟಾಪ್ಪಿ ಯಾರು, ಡಿಂಗ ಎಲ್ಲಿಯವನು?

ಹೋದ ಸಂಚಿಕೆಯಲ್ಲಿ ಮಾತಿನ ಮಧ್ಯೆ ಒಂದು ಸಾಲು ಬರೆದಿದ್ದೆ. ಕೇರಳದಲ್ಲಿ ಮಕ್ಕಳ ಪತ್ರಿಕೆ ಇನ್ನೂ ವಾರವಾರ ಬರುತ್ತದೆ, ಮಕ್ಕಳು ಮಲಗಿದ ಮೇಲೆ ಅಪ್ಪ ಅಮ್ಮ ಅದನ್ನೇ ಕದ್ದು ಓದುತ್ತಾರೆ ಅಂತ. ಅಷ್ಟಕ್ಕೇ ಬಳ್ಳಾರಿ, ರಾಯಚೂರು, ಕೊಪ್ಪಳ ಮೂರೂ ಕಡೆಯಿಂದ ಪತ್ರಗಳು ಬಂದಿವೆ. ಅತ್ತೆ ಸೊಸೆ ಜಗಳ, ಸೈಟಿನ ತಕರಾರು, ಮೊಣಕಾಲು ನೋವು ಎಲ್ಲ ಈ ಸಲ ಪಕ್ಕಕ್ಕಿಟ್ಟಿದ್ದೇನೆ. ಬೇಜಾರು ಮಾಡಿಕೊಳ್ಳಬೇಡಿ.

ಅಕ್ಕಾ, ನಾವು ತೋರಣಗಲ್ಲಿನಲ್ಲಿ ಕ್ವಾರ್ಟರ್ಸ್‌ನಲ್ಲಿ ಇದ್ದೇವೆ. ಪಕ್ಕದ ಮನೆಯವರು ಕೇರಳದವರು. ಅವರ ಹುಡುಗ ರಜೆ ಮುಗಿಸಿ ಬರುವಾಗೆಲ್ಲ 'ಬಾಲರಮ' ಅನ್ನುವ ಪುಸ್ತಕದ ಕಟ್ಟು ತರುತ್ತಾನೆ. ನನ್ನ ಮಗಳಿಗೆ ಏಳು ವರ್ಷ. ಮಲಯಾಳಂ ಅಕ್ಷರ ಒಂದೂ ಬರಲ್ಲ, ಆದರೂ ಅವನ ಜೊತೆ ಕೂತು ಪುಟ ತಿರುವಿ ನಗುತ್ತಾಳೆ. ಈಗ ತಮ್ಮನನ್ನು 'ಲುಟ್ಟಾಪ್ಪಿ' ಅಂತ ಕರೆಯುತ್ತಾಳೆ. ಏನೋ ಕೆಟ್ಟ ಬೈಗುಳ ಅಂದುಕೊಂಡು ಒಂದು ಏಟು ಕೊಟ್ಟುಬಿಟ್ಟೆ. ಯಾರಿವನು?
— ಒಬ್ಬ ತಾಯಿ, ತೋರಣಗಲ್ಲು

ಅಯ್ಯೋ, ಮೊದಲು ಮಗಳಿಗೆ ಒಂದು ಉಂಡೆ ಕೊಟ್ಟು ಸಮಾಧಾನ ಮಾಡಿ. ಅದು ಬೈಗುಳವೂ ಹೌದು, ಮುದ್ದೂ ಹೌದು.

ಲುಟ್ಟಾಪ್ಪಿ ಆ ಬಾಲರಮ ಪತ್ರಿಕೆಯಲ್ಲಿ ಬರುವ 'ಮಾಯಾವಿ' ಚಿತ್ರಕಥೆಯ ಒಂದು ಕೆಂಪು ಮೈಯ ಪುಟ್ಟ ಪಿಶಾಚಿ. ತಲೆಗೆ ಕೊಂಬು, ಹಿಂದೆ ಬಾಲ. ಅವನ ಗಾಡಿ ಒಂದು ಭರ್ಜಿ. ನಾವು ಸ್ಕೂಟರ್ ಹತ್ತಿದ ಹಾಗೆ ಅದರ ಮೇಲೆ ಕೂತು ಹಾರುತ್ತಾನೆ, ಹಿಂದಿನ ಸೀಟಿನಲ್ಲಿ ಕುಟ್ಟೂಸನ್ ಅನ್ನುವ ಮಂತ್ರವಾದಿ ಮತ್ತು ಡಾಕಿನಿ ಅನ್ನುವ ಮುದುಕಿ. ಈ ಮೂವರಿಗೂ ಬದುಕಿನಲ್ಲಿ ಇರುವುದು ಒಂದೇ ಕೆಲಸ, ಮಾಯಾವಿಯನ್ನು ಹಿಡಿಯುವುದು. ಮಾಯಾವಿ ಒಳ್ಳೆಯ ಪಿಶಾಚಿ. ರಾಜು, ರಾಧಾ ಅನ್ನುವ ಇಬ್ಬರು ಮಕ್ಕಳ ಗೆಳೆಯ. ಮಕ್ಕಳು ಕಷ್ಟಕ್ಕೆ ಸಿಕ್ಕಿ ಕರೆದರೆ ಬರುತ್ತಾನೆ. ಇವರ ಜೊತೆಗೆ ವಿಕ್ರಮನ್, ಮುತ್ತು ಅಂತ ಇಬ್ಬರು ಕಳ್ಳರು, ಲೊಟ್ಟುಲೊಡುಕ್ಕು, ಗುಲ್ಗುಲುಮಾಲ್ ಅಂತ ಇಬ್ಬರು ತಲೆಕೆಟ್ಟ ವಿಜ್ಞಾನಿಗಳು. ಹೆಸರು ಬಾಯಲ್ಲಿ ಹೇಳಿ ನೋಡಿ, ಕಥೆ ಗೊತ್ತಿಲ್ಲದಿದ್ದರೂ ನಗು ಬರುತ್ತದೆ. ನಿಮ್ಮ ಮಗಳು ನಗುವುದು ಅದಕ್ಕೇ.

ಈ ಕಥೆ ಶುರುವಾದದ್ದು 1984ರಲ್ಲಿ. ಬರೆದವರು ಎನ್.ಎಂ. ಮೋಹನ್, ಮೊದಲು ಚಿತ್ರ ಬರೆದವರು ಪ್ರದೀಪ್ ಸಾಠೆ, ಆಮೇಲೆ ಬಹಳ ಕಾಲ ಎಂ. ಮೋಹನದಾಸ್. ನಲವತ್ತು ವರ್ಷ ದಾಟಿತು. ಮಾಯಾವಿ ಇನ್ನೂ ಸಿಕ್ಕಿಲ್ಲ, ಲುಟ್ಟಾಪ್ಪಿ ಇನ್ನೂ ಸೋತಿಲ್ಲ. ಅಂದರೆ, ಸೋಲುತ್ತಲೇ ಇದ್ದಾನೆ, ಆದರೆ ಮುಂದಿನ ವಾರ ಅದೇ ಹುಮ್ಮಸ್ಸಿನಲ್ಲಿ ಭರ್ಜಿ ಹತ್ತುತ್ತಾನೆ. ಮಕ್ಕಳಿಗೆ ಹೀರೋಗಿಂತ ಇವನೇ ಜಾಸ್ತಿ ಇಷ್ಟ ಆಗಿದ್ದು ಸಹಜ ಅಲ್ವಾ? ಮಾಯಾವಿ ಯಾವಾಗಲೂ ಸರಿ. ಲುಟ್ಟಾಪ್ಪಿ ನಮ್ಮ ಹಾಗೆ, ಮಾಡಲು ಹೋಗುವುದೊಂದು, ಆಗುವುದೊಂದು.

ಮಾಯಾವಿ ಒಂದು ಕುಟ್ಟಿಚ್ಚಾತ್ತನ್. ಕುಟ್ಟಿಚ್ಚಾತ್ತನ್ ಅಂದರೆ ಕೇರಳದ ಹಳ್ಳಿಗಳಲ್ಲಿ ಜನ ನಿಜವಾಗಿ ನಂಬುವ, ಪೂಜೆ ಕೊಡುವ, ಹೆದರುವ ಒಂದು ಶಕ್ತಿ. ನಮ್ಮ ಕಡೆ ಗಾಳಿ, ದೆವ್ವ ಅಂದ ಹಾಗೆ. ಆ ಹೆದರಿಕೆಯನ್ನು ಮಕ್ಕಳ ಗೆಳೆಯನನ್ನಾಗಿ ಮಾಡಿದ್ದು ಇಲ್ಲಿನ ಜಾಣತನ. ಅದೇ 1984ರಲ್ಲಿ ಬಂದ ಭಾರತದ ಮೊದಲ 3ಡಿ ಸಿನಿಮಾದ ನಾಯಕನೂ ಇಂಥದೇ ಪುಟ್ಟ ಚಾತ್ತನ್. ಹಿಂದಿಯಲ್ಲಿ 'ಛೋಟಾ ಚೇತನ್' ಅಂತ ಬಂದಾಗ ಬಳ್ಳಾರಿಯಲ್ಲೂ ಕಪ್ಪು ಕನ್ನಡಕ ಹಾಕಿಕೊಂಡು ನೋಡಿದವರು ಇದನ್ನು ಓದುತ್ತಾ ಇರಬಹುದು.

ದೊಡ್ಡವರಿಗೂ ಲುಟ್ಟಾಪ್ಪಿಯ ಹುಚ್ಚು ಎಷ್ಟಿದೆ ಅನ್ನುವುದಕ್ಕೆ ಒಂದು ಉದಾಹರಣೆ ಸಾಕು. 2019ರ ಫೆಬ್ರವರಿಯಲ್ಲಿ ಬಾಲರಮದವರು ಡಿಂಕಿನಿ ಅನ್ನುವ ಹೊಸ ಪಾತ್ರ ತಂದರು. ಲುಟ್ಟಾಪ್ಪಿಯನ್ನು ತೆಗೆದುಹಾಕುತ್ತಾರೆ ಅಂತ ಸುದ್ದಿ ಹಬ್ಬಿತು. ಅಷ್ಟೇ. 'ಲುಟ್ಟಾಪ್ಪಿಯನ್ನು ಉಳಿಸಿ' ಅಂತ ಫೇಸ್‌ಬುಕ್ ತುಂಬಾ ಗಲಾಟೆ. ಕೂಗಿದವರು ಮಕ್ಕಳಲ್ಲ, ಮೀಸೆ ಬಂದವರು, ಬ್ಯಾಂಕಿನಲ್ಲಿ ಕೆಲಸ ಮಾಡುವವರು, ದುಬೈಯಲ್ಲಿ ಕೂತವರು. ಅರ್ಧ ತಮಾಷೆ, ಅರ್ಧ ನಿಜವಾದ ಸಂಕಟ.

ನನಗೆ ಹಿಡಿಸದ ಒಂದು ವಿಷಯವೂ ಇದೆ. ಡಾಕಿನಿ ಮುದುಕಿ, ನೋಡಲು ವಿಕಾರ, ಅದಕ್ಕೇ ಕೆಟ್ಟವಳು. ಈ ಲೆಕ್ಕ ಸರಿಯಲ್ಲ. ಮಗಳ ಜೊತೆ ಕೂತಾಗ ಅದೊಂದು ಮಾತಾಡಿ.

ಮೇಡಂ, ನಾನು ಸಣ್ಣವನಿದ್ದಾಗ ಬಾಲಮಂಗಳ ಓದಿಯೇ ಕನ್ನಡ ಓದಲು ಕಲಿತದ್ದು. ಡಿಂಗ ಅಂದರೆ ಪ್ರಾಣ. ಮೊನ್ನೆ ಆಫೀಸಿನಲ್ಲಿ ಒಬ್ಬರು, 'ಡಿಂಗ ನಿಮ್ಮವನಲ್ಲ, ನಮ್ಮವನು, ಕೊಟ್ಟಾಯಂನವನು' ಅಂದರು. ನನಗೆ ಸಿಟ್ಟು ಬಂತು. ನಿಜ ಏನು?
— ಸಿಂಧನೂರಿನ ಓದುಗ

ಸಿಟ್ಟು ಇಳಿಸಿಕೊಳ್ಳಿ. ಅವರು ಹೇಳಿದ್ದು ನಿಜ.

ಡಿಂಗ ಅಸಲಿಗೆ ಡಿಂಕನ್. ಕೊಟ್ಟಾಯಂನ ಮಂಗಳಂ ಸಂಸ್ಥೆಯ 'ಬಾಲಮಂಗಳಂ' ಪತ್ರಿಕೆಯಲ್ಲಿ 1983ರಲ್ಲಿ ಹುಟ್ಟಿದ. ಕಥೆ ಎನ್. ಸೋಮಶೇಖರನ್, ಚಿತ್ರ ಬೇಬಿ. ಕಾಡಿನಲ್ಲಿ ತಂಟೆ ಮಾಡಿಕೊಂಡಿದ್ದ ಒಂದು ಇಲಿಮರಿ. ಬೇರೆ ಗ್ರಹದವರು ಬಂದು ಅದನ್ನು ಹೊತ್ತುಕೊಂಡು ಹೋಗಿ ಏನೇನೋ ಪ್ರಯೋಗ ಮಾಡುತ್ತಾರೆ. ವಾಪಸ್ ಬಂದಾಗ ಎದೆ ಉಬ್ಬಿದೆ, ತೋಳು ದಪ್ಪ, ಹಾರಲು ಬರುತ್ತದೆ. ಅದೇ ಸಂಸ್ಥೆ ಕನ್ನಡದಲ್ಲೂ ಪತ್ರಿಕೆ ತಂದಿದ್ದರಿಂದ ನಮಗೆ ಡಿಂಗ ಸಿಕ್ಕಿದ. ಬಾಲಮಂಗಳದಲ್ಲಿ ಬರುತ್ತಿದ್ದ ಕಾಡಿನ ಕಿಟ್ಟ, ಲಂಬೋದರ, ಆ ಶಕ್ತಿಮದ್ದು, ಇವರೂ ಅದೇ ದಾರಿಯಲ್ಲಿ ಬಂದವರು.

ನನಗೂ ಇದು ಗೊತ್ತಾಗಿದ್ದು ಬಹಳ ತಡವಾಗಿ. ನಾನು ಡಿಂಗನನ್ನು ಓದಿದ್ದು ಬಳ್ಳಾರಿಯ ಒಂದು ಕಟಿಂಗ್ ಶಾಪಿನಲ್ಲಿ. ತಮ್ಮನ ಕಟಿಂಗ್‌ಗೆ ಕರೆದುಕೊಂಡು ಹೋಗುವ ಕೆಲಸ ನನ್ನದು, ಅದನ್ನು ನಾನೇ ಕೇಳಿ ತಗೊಂಡಿದ್ದು. ಅಲ್ಲಿ ಬೆಂಚಿನ ಮೇಲೆ ಸಿನಿಮಾ ಪತ್ರಿಕೆಗಳ ಅಡಿಯಲ್ಲಿ ನಾಲ್ಕೈದು ಬಾಲಮಂಗಳ ಇರುತ್ತಿದ್ದವು. ರಟ್ಟು ಹರಿದು, ಪುಟದ ಮಧ್ಯೆ ಸಣ್ಣ ಸಣ್ಣ ಕೂದಲು. ಓದುತ್ತಾ ಹೋದ ಹಾಗೆ ಕೂದಲು ಊದಿ ತೆಗೆಯಬೇಕು. ಸರದಿಯಲ್ಲಿ ಹಿಂದೆ ಇದ್ದವರನ್ನು 'ನೀವು ಮೊದಲು ಕೂಡ್ರಿ ಅಣ್ಣಾ' ಅಂತ ಮುಂದೆ ಬಿಡುತ್ತಿದ್ದೆ. ತಮ್ಮನಿಗೆ ಹಸಿವು, ನನಗೆ ಡಿಂಗ. ಕೊನೆಯ ಪುಟ ಯಾರೋ ಕಿತ್ತಿರುತ್ತಿದ್ದರು, ಡಿಂಗ ಗೆದ್ದನೋ ಇಲ್ಲವೋ ಅಂತ ನಾವೇ ದಾರಿಯುದ್ದ ಕಥೆ ಕಟ್ಟಿಕೊಂಡು ಮನೆಗೆ ಬರುತ್ತಿದ್ದೆವು. ಆಗ ಅವನು ಕೊಟ್ಟಾಯಂನವನು ಅಂತ ಯಾರಾದರೂ ಹೇಳಿದ್ದರೆ ನಾನೂ ಜಗಳಕ್ಕೆ ಹೋಗುತ್ತಿದ್ದೆ.

ಮಲಯಾಳಂ ಬಾಲಮಂಗಳಂ 2012ರಲ್ಲಿ ನಿಂತಿತು. ಆದರೆ ಡಿಂಕನ್ ನಿಲ್ಲಲಿಲ್ಲ, ದೇವರಾದ! 2008ರ ಸುಮಾರಿಗೆ ಕೇರಳದ ಒಂದಿಷ್ಟು ವಿಚಾರವಾದಿ ಹುಡುಗರು ಇಂಟರ್ನೆಟ್ಟಿನಲ್ಲಿ 'ಡಿಂಕ ಮತ' ಅಂತ ಒಂದು ಅಣಕು ಧರ್ಮ ಶುರು ಮಾಡಿದರು. ಬಾಲಮಂಗಳಂ ಪವಿತ್ರ ಗ್ರಂಥ, ಡಿಂಕನ್ ಏಕೈಕ ದೇವರು. ಯಾರಾದರೂ ಧರ್ಮದ ಹೆಸರಲ್ಲಿ ಭಾವನೆಗೆ ಧಕ್ಕೆ ಅಂದರೆ ಇವರೂ ತಕ್ಷಣ 'ನಮ್ಮ ಡಿಂಕನ ಭಾವನೆಗೂ ಧಕ್ಕೆ' ಅನ್ನುತ್ತಾರೆ. 2016ರಲ್ಲಿ ಒಂದು ಸಿನಿಮಾಗೆ ಡಿಂಕನ್ ಹೆಸರಿಟ್ಟಾಗ ಕೊಚ್ಚಿಯಲ್ಲಿ ಫಲಕ ಹಿಡಿದು ಪ್ರತಿಭಟನೆಯೂ ಆಯಿತು, ಗಂಭೀರವಾದ ಮುಖ ಮಾಡಿಕೊಂಡು. ಒಂದು ಇಲಿಯ ಹೆಸರು ಹೇಳಿದರೆ ಇಡೀ ರಾಜ್ಯಕ್ಕೆ ತಮಾಷೆ ಅರ್ಥ ಆಗಬೇಕು ಅಂದರೆ, ಇಡೀ ರಾಜ್ಯ ಸಣ್ಣವರಿದ್ದಾಗ ಆ ಇಲಿಯನ್ನು ಓದಿರಬೇಕು. ನನಗೆ ಮುಖ್ಯ ಅನ್ನಿಸುವುದು ಇದು. ಹಿಂದೂ, ಮುಸ್ಲಿಂ, ಕ್ರಿಶ್ಚಿಯನ್, ಎಡ, ಬಲ ಎಲ್ಲರ ಮನೆಗೂ ಒಂದೇ ಇಲಿ ಹೋಗಿತ್ತು.

ನಿಮ್ಮ ಆಫೀಸಿನವರಿಗೆ ಹೇಳಿ, ಹುಟ್ಟಿದ್ದು ಅಲ್ಲಿ, ಸಿಂಧನೂರಿನಲ್ಲೂ ಸ್ವಲ್ಪ ದಿನ ಬೆಳೆದಿದ್ದಾನೆ ಅಂತ.

ನಾನು ನಿವೃತ್ತ ಶಿಕ್ಷಕ. ತಾವು ಮಂತ್ರವಾದಿ, ಪಿಶಾಚಿಗಳ ಚಿತ್ರಕಥೆಯನ್ನು ಹೊಗಳುವುದು ಸರಿಯೇ? ಮಕ್ಕಳಲ್ಲಿ ಮೂಢನಂಬಿಕೆ ಬೆಳೆಯುವುದಿಲ್ಲವೇ? ಚಿತ್ರ ನೋಡುವ ಚಟಕ್ಕೆ ಬಿದ್ದವರು ಮುಂದೆ ದೊಡ್ಡ ಪುಸ್ತಕ ಓದುತ್ತಾರೆಯೇ?
— ಕೊಪ್ಪಳ

ಸರ್, ನಮಸ್ಕಾರ. ನಿಮ್ಮಂಥ ಮೇಷ್ಟ್ರ ಕೈಯಿಂದ ಚಿತ್ರಕಥೆ ಕಿತ್ತುಕೊಳ್ಳಿಸಿಕೊಂಡವಳು ನಾನು. ಅದಕ್ಕೇ ಸ್ವಲ್ಪ ವಾದ ಮಾಡುತ್ತೇನೆ.

ಭೂತದ ಕಥೆ ಓದಿದ ಮಕ್ಕಳು ಭೂತ ನಂಬುತ್ತಾರೆ ಅನ್ನುವುದಾದರೆ ಬೇತಾಳನ ಕಥೆ ಓದಿದ ನಾವೆಲ್ಲ ಮರಕ್ಕೆ ಜೋತುಬಿದ್ದಿರಬೇಕಿತ್ತು. ಚಂದಮಾಮ ಕನ್ನಡದಲ್ಲಿ 1949ರಿಂದ ಬಂತು, ನೀವೂ ಓದಿರುತ್ತೀರಿ. ಮಲಯಾಳಂನಲ್ಲಿ ಅದೇ 'ಅಂಬಿಳಿ ಅಮ್ಮಾವನ್'. ಮೇಲೆ ಹೇಳಿದ ಡಿಂಕ ಮತದ ಹುಡುಗರು ಇದ್ದಾರಲ್ಲ, ಅವರೆಲ್ಲ ಈ ಮಂತ್ರವಾದಿ ಕಥೆಗಳನ್ನೇ ಓದಿ ಬೆಳೆದು ವಿಚಾರವಾದಿಗಳಾದವರು. ಲೆಕ್ಕ ಉಲ್ಟಾ ಆಯಿತು ನೋಡಿ.

ಇನ್ನೊಂದು ಮಾತು. ಅದೇ ಕೇರಳದಲ್ಲಿ ಪಿಶಾಚಿ ಇಲ್ಲದ ಪತ್ರಿಕೆಯೂ ಇದೆ. ಕೇರಳ ಶಾಸ್ತ್ರಸಾಹಿತ್ಯ ಪರಿಷತ್ತು 1970ರಲ್ಲಿ 'ಯುರೀಕ' ಅಂತ ಮಕ್ಕಳ ವಿಜ್ಞಾನ ಪತ್ರಿಕೆ ಶುರು ಮಾಡಿತು. ಕಪ್ಪೆ, ನಕ್ಷತ್ರ, ಹೊಳೆ, ಯಾಕೆ, ಹೇಗೆ. ಪಾಠದ ಹಾಗೆ ಅಲ್ಲ, ಹಾಡು, ನಾಟಕ, ಕಥೆಯ ಹಾಗೆ. ಸರ್ಕಾರದ ಬಾಲಸಾಹಿತ್ಯ ಸಂಸ್ಥೆ 'ತಳಿರ್' ತರುತ್ತದೆ. ನಮ್ಮಲ್ಲೂ ಕರ್ನಾಟಕ ರಾಜ್ಯ ವಿಜ್ಞಾನ ಪರಿಷತ್ತಿನ 'ಬಾಲ ವಿಜ್ಞಾನ' ಇದೆ, ಎಷ್ಟು ಶಾಲೆಯಲ್ಲಿ ಅದು ಬೀರುವಿನಿಂದ ಆಚೆ ಬಂದಿದೆ ಅನ್ನುವುದು ನನಗಿಂತ ನಿಮಗೆ ಚೆನ್ನಾಗಿ ಗೊತ್ತು. ಯುರೀಕ ಓದುವ ಮಗುವೇ ಬಾಲರಮವನ್ನೂ ಓದುತ್ತದೆ. ಒಂದು ಊಟ, ಇನ್ನೊಂದು ಮಂಡಕ್ಕಿ ಮಿರ್ಚಿ. ಬರೀ ಮಿರ್ಚಿ ತಿಂದರೆ ಹೊಟ್ಟೆ ಕೆಡುತ್ತದೆ, ಸರಿ. ಮಿರ್ಚಿಯೇ ಬೇಡ ಅಂದರೆ ಕೊಪ್ಪಳದಲ್ಲಿ ಬದುಕೋದು ಹೇಗೆ ಸರ್?

ದೊಡ್ಡ ಪುಸ್ತಕಕ್ಕೆ ಹೋಗುತ್ತಾರಾ ಅಂದಿರಿ. ಅದಕ್ಕೆ ಮಧ್ಯೆ ಒಂದು ಮೆಟ್ಟಿಲು ಬೇಕು, ಅಲ್ಲಿ ಅದನ್ನು ಕಟ್ಟಿದ್ದರು. ಕುಞ್ಞುಣ್ಣಿ ಮಾಷ್ ಅಂತ ಒಬ್ಬ ಕವಿ, ಕೋಯಿಕ್ಕೋಡಿನಲ್ಲಿ ಶಾಲಾ ಮೇಷ್ಟ್ರು. ಎರಡು ಸಾಲು, ನಾಲ್ಕು ಸಾಲಿನ ಪುಟ್ಟ ಪದ್ಯ ಬರೆಯುತ್ತಿದ್ದವರು. ಮಾತೃಭೂಮಿ ವಾರಪತ್ರಿಕೆಯಲ್ಲಿ ಮಕ್ಕಳು ಬರೆಯುವ ಪುಟವೊಂದಿತ್ತು, ಅದನ್ನು ಇವರು 'ಕುಟ್ಟೇಟ್ಟನ್' ಅನ್ನುವ ಹೆಸರಿನಲ್ಲಿ ನೋಡಿಕೊಳ್ಳುತ್ತಿದ್ದರು. ಏಟ್ಟನ್ ಅಂದರೆ ಅಣ್ಣ. ಮಕ್ಕಳು ಪದ್ಯ ಕಳಿಸಿದರೆ ಕುಳಿತು ಕಾರ್ಡಿನಲ್ಲಿ ಉತ್ತರ ಬರೆಯುತ್ತಿದ್ದರು, ಇಲ್ಲಿ ಈ ಪದ ಬೇಡ, ಅಲ್ಲಿ ಸಾಲು ಉದ್ದ ಆಯಿತು ಅಂತ. ಆ ಪುಟದಲ್ಲಿ ಮೊದಲು ಬರೆದ ಎಷ್ಟೋ ಹುಡುಗ ಹುಡುಗಿಯರು ಆಮೇಲೆ ಮಲಯಾಳಂನ ಹೆಸರಾಂತ ಲೇಖಕರಾದರು. ಕುಞ್ಞುಣ್ಣಿ ಮಾಷ್ 2006ರಲ್ಲಿ ತೀರಿಕೊಂಡರು.

ನಿಮಗೆ ಈಗ ಬಿಡುವು ಇದೆ. ನಿಮ್ಮ ಓಣಿಯ ಹತ್ತು ಮಕ್ಕಳಿಗೆ ಒಂದೊಂದು ಕಾರ್ಡ್ ಬರೆದು ನೋಡಿ. ನಾನು ತಮಾಷೆ ಮಾಡುತ್ತಿಲ್ಲ.

ಅಲ್ಲಿ ಇಷ್ಟೆಲ್ಲ ಆಯಿತು, ನಮ್ಮ ಕಡೆ ಯಾಕೆ ಆಗಲಿಲ್ಲ? ನಾವೇನು ದಡ್ಡರಾ?
— ರಾಯಚೂರಿನ ಯುವಕ

ದಡ್ಡರಲ್ಲ ತಮ್ಮಾ. ಅಂಗಡಿಗೆ ಪುಸ್ತಕ ಬರಲಿಲ್ಲ, ಬಂದದ್ದು ನಮ್ಮ ಮಾತಲ್ಲಿ ಇರಲಿಲ್ಲ. ಸ್ವಲ್ಪ ಬಿಡಿಸಿ ಹೇಳುತ್ತೇನೆ, ಯಾಕೆಂದರೆ ನಿನ್ನ ಪ್ರಶ್ನೆ ನನ್ನನ್ನೂ ಎರಡು ದಿನ ಕಾಡಿತು.

ಕೇರಳದಲ್ಲಿ ಪ್ರತಿ ದೊಡ್ಡ ಪತ್ರಿಕೆಯ ಮನೆಯಿಂದ ಒಂದೊಂದು ಮಕ್ಕಳ ಪತ್ರಿಕೆ ಬಂತು. ಮನೋರಮದವರದ್ದು ಬಾಲರಮ, 1972ರಲ್ಲಿ. ಮಂಗಳಂನವರದ್ದು ಬಾಲಮಂಗಳಂ. ದೀಪಿಕದವರದ್ದು ಕುಟ್ಟಿಗಳುಡೆ ದೀಪಿಕ. ಮಾತೃಭೂಮಿಯವರು 1996ರಲ್ಲಿ ಬಾಲಭೂಮಿ ತಂದರು. ಇವರಿಗಿಂತ ಮೊದಲೇ, 1964ರಲ್ಲಿ 'ಪೂಂಬಾಟ್ಟ' ಇತ್ತು, ಪೂಂಬಾಟ್ಟ ಅಂದರೆ ಚಿಟ್ಟೆ. ಅದರ ಸಂಪಾದಕರಾಗಿ ಹೆಸರು ಮಾಡಿದವರೇ ಮಾಯಾವಿ ಬರೆದ ಎನ್.ಎಂ. ಮೋಹನ್, ಆಮೇಲೆ ಬಾಲರಮಕ್ಕೆ ಹೋದರು. ಅಂದರೆ ಜಿದ್ದಾಜಿದ್ದಿ ಇತ್ತು. ಒಬ್ಬರು ಸ್ಟಿಕ್ಕರ್ ಕೊಟ್ಟರೆ ಇನ್ನೊಬ್ಬರು ಮುಖವಾಡ ಕೊಡಬೇಕು. ಜೂನ್‌ನಲ್ಲಿ ಮಳೆ, ಶಾಲೆ ಎರಡೂ ಒಟ್ಟಿಗೆ ಶುರುವಾಗುವ ಹೊತ್ತಿಗೆ ಪತ್ರಿಕೆಯ ಜೊತೆ ನೋಟ್‌ಬುಕ್ಕಿಗೆ ಅಂಟಿಸುವ ಹೆಸರಿನ ಚೀಟಿ ಬರುತ್ತದೆ. ಒಂದೊಂದರ ಮೂಲೆಯಲ್ಲೂ ಮಾಯಾವಿಯೋ ಲುಟ್ಟಾಪ್ಪಿಯೋ ಇರುತ್ತಾರೆ. ಯಾವ ವಿಷಯದ ಪುಸ್ತಕಕ್ಕೆ ಯಾರನ್ನು ಅಂಟಿಸಬೇಕು ಅಂತ ಅಣ್ಣ ತಂಗಿಗೆ ಜಗಳ. ಲೆಕ್ಕದ ಪುಸ್ತಕಕ್ಕೆ ಡಾಕಿನಿ ಅಂತ ಒಬ್ಬ ಮಲಯಾಳಿ ಗೆಳತಿ ಹೇಳಿದ್ದಳು!

ಮತ್ತೆ, ಬೆಳಿಗ್ಗೆ ಪೇಪರ್ ಹಾಕುವ ಹುಡುಗನೇ ಇದನ್ನೂ ತಂದು ಹಾಕುತ್ತಾನೆ. ಬಾಲರಮ ಮೊದಲು ತಿಂಗಳಿಗೊಂದು, ಆಮೇಲೆ ಹದಿನೈದು ದಿನಕ್ಕೊಂದು, 1999ರಿಂದ ವಾರಕ್ಕೊಂದು. ಮಗುವಿಗೆ ಇದು ದೊಡ್ಡ ಮಾತು. ಬರುವ ದಿನ ಗೊತ್ತಿದ್ದರೆ ಕಾಯಬಹುದು. ಗೊತ್ತಿಲ್ಲದಿದ್ದರೆ ಮರೆತುಬಿಡುತ್ತದೆ. ನಾನು ಸಣ್ಣವಳಿದ್ದಾಗ ನಮ್ಮ ತಂದೆ ಒಂದು ಮಕ್ಕಳ ಮಾಸಪತ್ರಿಕೆಗೆ ವರ್ಷದ ಚಂದಾ ಕಟ್ಟಿದ್ದರು. ಹನ್ನೆರಡರಲ್ಲಿ ಬಂದದ್ದು ಐದು. ಏಜೆಂಟರನ್ನು ಕೇಳಿದರೆ ಮೇಲಿಂದಲೇ ಬಂದಿಲ್ಲ ಅಂದರು, ಮೇಲಿನವರನ್ನು ಕೇಳೋಣ ಅಂದರೆ ಕಾಗದಕ್ಕೆ ಉತ್ತರ ಇಲ್ಲ. ಬಂದ ಐದರಲ್ಲಿ ಧಾರಾವಾಹಿ ಇತ್ತು, ರಾಜಕುಮಾರಿ ಗುಹೆಯೊಳಗೆ ಹೋದಳು, ಆಚೆ ಬರುವ ಸಂಚಿಕೆ ಬರಲೇ ಇಲ್ಲ. ನನ್ನ ಲೆಕ್ಕದಲ್ಲಿ ಅವಳು ಇನ್ನೂ ಅಲ್ಲೇ ಇದ್ದಾಳೆ.

ಓದುವ ಮನೆಗಳೂ ಬೇಕಲ್ಲ. ಕೇರಳವನ್ನು ಪೂರ್ಣ ಸಾಕ್ಷರ ಅಂತ ಸಾರಿದ್ದು 1991ರ ಏಪ್ರಿಲ್ 18ರಂದು. 2011ರ ಜನಗಣತಿಯಲ್ಲಿ ಅಲ್ಲಿ ನೂರಕ್ಕೆ 94 ಜನ ಅಕ್ಷರಸ್ಥರು, ನಮ್ಮ ರಾಯಚೂರು ಜಿಲ್ಲೆಯಲ್ಲಿ 60ರ ಹತ್ತಿರ. ಅಲ್ಲಿ ಪಿ.ಎನ್. ಪಣಿಕ್ಕರ್ 1945ರಲ್ಲೇ ಗ್ರಂಥಾಲಯಗಳ ಸಂಘ ಕಟ್ಟಿ ಊರೂರು ತಿರುಗಿದರು. ಅವರು ತೀರಿಕೊಂಡ ಜೂನ್ 19 ಈಗ ಓದಿನ ದಿನ. ಊರ ವಾಚನಾಲಯದಲ್ಲಿ ಅಜ್ಜ ಪೇಪರ್ ಓದುತ್ತಾ ಕೂತಿದ್ದರೆ ಮೊಮ್ಮಗ ಪಕ್ಕದಲ್ಲಿ ಬಾಲರಮ ಹಿಡಿದು ಕೂರುತ್ತಾನೆ. ಅಪ್ಪ ಅಮ್ಮನಿಗೇ ಅಕ್ಷರ ಬರದ ಮನೆಗೆ, ತೊಗರಿ ಬಿಡಿಸಲು, ಹತ್ತಿ ಆರಿಸಲು ಮಕ್ಕಳೂ ಹೋಗಬೇಕಾದ ಮನೆಗೆ ಪತ್ರಿಕೆ ಯಾರು ತರಿಸುತ್ತಾರೆ?

ಆದರೆ ನನಗೆ ಎಲ್ಲಕ್ಕಿಂತ ನೋವು ಕೊಡುವುದು ಭಾಷೆಯ ವಿಷಯ. ಮಾನ್ವಿಯ ಮಗು ಮನೆಯಲ್ಲಿ 'ಏನ್ ಮಾಡಾಕತ್ತಿ' ಅನ್ನುತ್ತದೆ. ಪುಸ್ತಕದ ಮೊಲ 'ನೀನು ಏನು ಮಾಡುತ್ತಿರುವೆ' ಅನ್ನುತ್ತದೆ. ಮೊಲ ಮೈಸೂರಿನದು ಅಂತ ಮಗುವಿಗೆ ತಕ್ಷಣ ಗೊತ್ತಾಗುತ್ತದೆ. ಚಿತ್ರಕಥೆಯ ಜೀವ ಇರುವುದೇ ಬಾಯಿಂದ ಬರುವ ಆ ಗುಳ್ಳೆಯ ಮಾತಿನಲ್ಲಿ. ಅದು ಪಾಠದ ಹಾಗೆ ಇದ್ದರೆ ಮುಗಿಯಿತು. ಹೀಗೆ ಬರೆಯುವ ನಾನೂ ಇದೇ ಅಂಕಣವನ್ನು ಪುಸ್ತಕದ ಕನ್ನಡಕ್ಕೆ ಹತ್ತಿರ ಇಟ್ಟೇ ಬರೆಯುತ್ತಿದ್ದೇನೆ, ನೋಡು, ಅಭ್ಯಾಸ ಬಿಡಲ್ಲ.

ಇಷ್ಟು ಹೇಳಿದ ಮೇಲೆ ಒಂದು ತಿದ್ದುಪಡಿ. ನಮ್ಮ ಕಡೆ ಚಿತ್ರಕಥೆ ಆಗಲೇ ಇಲ್ಲ ಅನ್ನುವುದು ತಪ್ಪು. ಕಾಗದದ ಮೇಲೆ ಆಗಲಿಲ್ಲ, ತೊಗಲಿನ ಮೇಲೆ ಆಗಿತ್ತು. ತೊಗಲುಗೊಂಬೆ ಆಡಿಸುವ ಕೊಪ್ಪಳದ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂತು, ನೀನೂ ಟಿವಿಯಲ್ಲಿ ನೋಡಿರುತ್ತೀ. ತೊಗಲನ್ನು ಹದ ಮಾಡಿ, ಬಣ್ಣ ಹಚ್ಚಿ, ಸಣ್ಣ ಸಣ್ಣ ತೂತು ಕೊರೆದಿರುತ್ತಾರೆ. ಬಿಳಿ ಪರದೆಯ ಹಿಂದೆ ದೀಪ ಇಟ್ಟಾಗ ಆ ತೂತಿನಿಂದ ಬೆಳಕು ಸೋರಿ ರಾವಣನ ಕಿರೀಟ ಮಿಣಮಿಣ ಅನ್ನುತ್ತದೆ. ರಾಮಾಯಣ ನಡೆಯುತ್ತಾ ಇರುವಾಗ ಮಧ್ಯೆ ಕಿಳ್ಳೇಕ್ಯಾತ ನುಗ್ಗುತ್ತಾನೆ. ಕಪ್ಪಗೆ, ಹೊಟ್ಟೆ ಮುಂದೆ, ಬಾಯಿ ತೆಗೆದರೆ ಪಕ್ಕಾ ನಮ್ಮ ಭಾಷೆ. ಜೊತೆಗೆ ಬಂಗಾರಕ್ಕ. ರಾಮನಿಗೂ ಬೈಯುತ್ತಾನೆ, ಊರ ಗೌಡನಿಗೂ ಬೈಯುತ್ತಾನೆ. ಜನ ಕಾಯುತ್ತಿದ್ದದ್ದೇ ಅವನಿಗೆ. ನಮ್ಮ ಲುಟ್ಟಾಪ್ಪಿ ಅವನೇ. ಪರದೆಯಿಂದ ಪುಟಕ್ಕೆ ಅವನನ್ನು ಇಳಿಸುವವರು ಸಿಗಲಿಲ್ಲ, ಅಷ್ಟೇ.

ಅಕ್ಕಾ, ನಾನು ಗಂಗಾವತಿಯಲ್ಲಿ ಪಿಯುಸಿ ಓದುತ್ತಿದ್ದೇನೆ. ಒಂದು ಕಾಗೆ ಪಾತ್ರ ಮಾಡಿ ಇನ್‌ಸ್ಟಾಗ್ರಾಮ್‌ನಲ್ಲಿ ಹಾಕುತ್ತೇನೆ. ಒಬ್ಬರು ಪುಸ್ತಕ ಮಾಡುತ್ತೇವೆ, ಪಾತ್ರ ನಮಗೆ ಕೊಡು ಅನ್ನುತ್ತಿದ್ದಾರೆ. ಕೊಡಲಾ?

ಮೇಲಿನ ರಾಯಚೂರಿನ ತಮ್ಮ ನಿನ್ನ ಪತ್ರ ಓದಬೇಕು! ಕಾಗೆ ಚೆನ್ನಾಗಿದೆ, ನೋಡಿದೆ. ಆದರೆ ಪುಸ್ತಕ ಮಾಡಲು ಒಪ್ಪುವುದು ಬೇರೆ, ಪಾತ್ರವನ್ನೇ ಕೊಡುವುದು ಬೇರೆ.

ಒಂದು ಕಥೆ ಕೇಳು. ವಿ.ಟಿ. ಥಾಮಸ್ ಅಂತ ಕುಟ್ಟನಾಡಿನ ವ್ಯಂಗ್ಯಚಿತ್ರಕಾರರು, ಎಲ್ಲರಿಗೂ 'ಟಾಮ್ಸ್'. ಬೋಬನ್, ಮೋಳಿ ಅಂತ ಇಬ್ಬರು ತುಂಟ ಮಕ್ಕಳ ಚಿತ್ರ ಬರೆದರು. ನೆರೆಮನೆಯ ಮಕ್ಕಳನ್ನು ನೋಡಿ ಹುಟ್ಟಿದ ಪಾತ್ರಗಳು. ಮಲಯಾಳ ಮನೋರಮ ವಾರಪತ್ರಿಕೆಯ ಕೊನೆಯ ಪುಟದಲ್ಲಿ ದಶಕಗಟ್ಟಲೆ ಬಂತು. ಜನ ಪತ್ರಿಕೆಯನ್ನು ಹಿಂದಿನಿಂದ ಓದಲು ಕಲಿತದ್ದೇ ಇದರಿಂದ. 1987ರಲ್ಲಿ ಟಾಮ್ಸ್ ಕೆಲಸ ಬಿಟ್ಟರು, ಬೇರೆ ಪತ್ರಿಕೆಯಲ್ಲಿ ಅದೇ ಮಕ್ಕಳನ್ನು ಬರೆಯಲು ಹೊರಟರು. ಮಕ್ಕಳು ಯಾರವರು? ಪತ್ರಿಕೆಯವರದೋ, ಬರೆದವರದೋ? ಕೇರಳ ಹೈಕೋರ್ಟಿನವರೆಗೂ ಹೋಯಿತು. ಕೆಲಸಕ್ಕೆ ಸೇರುವ ಮೊದಲೇ ಆ ಪಾತ್ರಗಳನ್ನು ಅವರು ಹುಟ್ಟಿಸಿದ್ದರು, ಆದ್ದರಿಂದ ಕೆಲಸ ಬಿಟ್ಟ ಮೇಲೆ ಬರೆಯುವುದನ್ನು ತಡೆಯುವ ಹಾಗಿಲ್ಲ ಅಂತ ಕೋರ್ಟು ಹೇಳಿತು. ಸಂಬಳಕ್ಕಿದ್ದಾಗ ಬರೆದ ಚಿತ್ರಗಳ ಲೆಕ್ಕ ಮಾತ್ರ ಬೇರೆ, ಅವು ಪತ್ರಿಕೆಯ ಪಾಲಿಗೆ. ಟಾಮ್ಸ್ 2016ರಲ್ಲಿ ತೀರಿಕೊಂಡರು, ಬೋಬನ್ ಮೋಳಿಗೆ ಇನ್ನೂ ವಯಸ್ಸಾಗಿಲ್ಲ.

ನೀನು ಈಗ ಮಾಡಬೇಕಾದ್ದು ಇಷ್ಟು. ಮೊದಲ ಚಿತ್ರದಿಂದ ಹಿಡಿದು ತಾರೀಖು ಹಾಕಿ ಎತ್ತಿಡು. ಅವರಿಗೆ 'ಈ ಒಂದು ಪುಸ್ತಕ ಮಾಡಿ, ಕಾಗೆ ನನ್ನದೇ' ಅಂತ ಬರೆದು ಕೊಡು, ಅವರ ಕೈಯಲ್ಲೂ ಬರೆಸಿಕೋ. ಬಾಯಿಮಾತು ಬೇಡ. ಸಹಿ ಹಾಕುವ ಮೊದಲು ಅಪ್ಪಾಜಿಗೆ ತೋರಿಸು, ಗೊತ್ತಿರುವ ವಕೀಲರಿದ್ದರೆ ಅವರಿಗೂ. ಕಾಗೆ ಗಂಗಾವತಿ ಭಾಷೆಯಲ್ಲೇ ಮಾತಾಡಲಿ. ಅದನ್ನು ಯಾರು ತಿದ್ದಲು ಬಂದರೂ ಬಿಡಬೇಡ.

ನಾನು ಲಾರಿ ಡ್ರೈವರ್. ಕೇರಳಕ್ಕೆ ಅಕ್ಕಿ ಲೋಡ್ ಹೊಡೆಯುತ್ತೇನೆ. ಅನ್‌ಲೋಡ್ ಆಗುವವರೆಗೆ ಸುಮ್ನೆ ಕೂತಿರಬೇಕು. ಮಕ್ಕಳ ಪುಸ್ತಕ ನೋಡಿ ಮಲಯಾಳಂ ಕಲಿಯಬಹುದಾ?

ಖಂಡಿತ. ಚಿತ್ರ ಇದೆ, ದೊಡ್ಡ ಅಕ್ಷರ ಇದೆ, ನಿಮಗೆ ಬೇಕಾದ್ದೂ ಅದೇ. ಒಂದು ಗುಟ್ಟು ಹೇಳುತ್ತೇನೆ. ನಮ್ಮ ಎಷ್ಟೋ ಪದದ ಕೊನೆಯ 'ಎ' ಕಿತ್ತು 'ಅ' ಹಾಕಿದರೆ ಮಲಯಾಳಂ ಆಗುತ್ತದೆ. ಆನೆ ಅಲ್ಲಿ ಆನ, ತಲೆ ತಲ, ಮಳೆಯೂ ಸುಮಾರು ಹಾಗೇ, ನಾಲಿಗೆ ಸ್ವಲ್ಪ ಹಿಂದೆ ಮಡಚಬೇಕು. ಅಕ್ಷರ ಮೊದಲು ಜಿಲೇಬಿ ಹಾಗೆ ಕಾಣುತ್ತದೆ, ಹೆದರಬೇಡಿ. ಗೋಡೌನಿನ ಹತ್ತಿರದ ಚಹಾ ಅಂಗಡಿಯಲ್ಲೇ ಸಿಗುತ್ತದೆ, ಒಂದು ತಗೊಂಡು ಅಲ್ಲಿನ ಹುಡುಗನ ಕೈಯಲ್ಲೇ ಓದಿಸಿ.

ನನ್ನ ಮಗ ಐದನೇ ತರಗತಿ. ಪುಸ್ತಕ ಕೊಟ್ಟರೆ ದೂರ ಎಸೆಯುತ್ತಾನೆ, ಮೊಬೈಲ್ ಮಾತ್ರ ಬೇಕು. ಕೇರಳದ ಮಕ್ಕಳೇನು ಮೊಬೈಲ್ ನೋಡುವುದಿಲ್ಲವೇ?
— ಸಿರುಗುಪ್ಪ

ನೋಡುತ್ತಾರೆ, ಚೆನ್ನಾಗಿಯೇ ನೋಡುತ್ತಾರೆ. ಮಾಯಾವಿಯನ್ನೂ ಈಗ ಅದರಲ್ಲೇ ನೋಡುವವರಿದ್ದಾರೆ. ಅಲ್ಲಿಯೂ ಇಂಗ್ಲಿಷ್ ಮೀಡಿಯಂ ಮಕ್ಕಳಿಗೆ ಮಲಯಾಳಂ ಓದುವುದು ಕಷ್ಟ ಆಗುತ್ತಿದೆ. ಬಾಲಮಂಗಳಂ ಹೋಯಿತು ಅಂತ ಮೇಲೇ ಹೇಳಿದೆನಲ್ಲ, ಪೂಂಬಾಟ್ಟವೂ ಹೋಯಿತು. ಅಲ್ಲಿ ಸ್ವರ್ಗ ಇದೆ ಅಂತ ನಾನು ಹೇಳಲಿಲ್ಲ.

ನಿಮ್ಮ ಪಂಚಾಯಿತಿಯ ಹಳೆಯ ಗ್ರಂಥಾಲಯ ಈಗ 'ಅರಿವು ಕೇಂದ್ರ' ಆಗಿದೆ. 'ಓದುವ ಬೆಳಕು' ಅಂತ 2020ರಲ್ಲಿ ಶುರುವಾದ ಕಾರ್ಯಕ್ರಮದಲ್ಲಿ ಮಕ್ಕಳಿಗೆ ಅಲ್ಲಿ ಪುಕ್ಕಟೆ ಸದಸ್ಯತ್ವ ಇದೆ. ಒಂದು ಸಂಜೆ ಕರೆದುಕೊಂಡು ಹೋಗಿ, ನೀವೇ ಆರಿಸಿ ಕೊಡಬೇಡಿ, ಅವನು ಯಾವುದು ಎತ್ತಿಕೊಂಡರೂ ಸರಿ, ಅದು ಬರೀ ನಗೆಹನಿ ಆದರೂ ಸರಿ, ಒಳಗೆ ಬರೀ ಚಿತ್ರ ಇದ್ದರೂ ಸರಿ, ಮುಖ ಗಂಟು ಹಾಕಬೇಡಿ. ಮನೆಗೆ ಬಂದು 'ಇದರಿಂದ ಏನು ಕಲಿತೆ' ಅಂತ ಮಾತ್ರ ಕೇಳಬೇಡಿ. ಆ ಪ್ರಶ್ನೆಗೇ ನಾನು ಅರ್ಧ ಪುಸ್ತಕ ಬಿಟ್ಟವಳು.

ಕನ್ನಡದಲ್ಲಿ ಬರುವ ಯಾವುದಾದರೂ ಮಕ್ಕಳ ಪತ್ರಿಕೆಗೆ ಚಂದಾ ಕಟ್ಟುವುದಾದರೆ ನಿಮ್ಮ ಹೆಸರಲ್ಲಿ ಕಟ್ಟಬೇಡಿ, ಅವನ ಹೆಸರಲ್ಲಿ ಕಟ್ಟಿ, ಇನಿಷಿಯಲ್ ಸಮೇತ. ಪೋಸ್ಟ್‌ಮ್ಯಾನ್ ಬಾಗಿಲಲ್ಲಿ ನಿಂತು ಅವನ ಪೂರ್ತಿ ಹೆಸರು ಕೂಗಲಿ. ಹನ್ನೆರಡರಲ್ಲಿ ಐದೇ ಬಂದರೆ ನನಗೆ ಬರೆಯಿರಿ, ನನ್ನ ಹಳೇ ಸಿಟ್ಟೂ ಸೇರಿಸಿ ಕಾಗದ ಬರೆಯುತ್ತೇನೆ.

ಮೊಣಕಾಲು ನೋವಿನವರಿಗೆ ಮುಂದಿನ ಸಂಚಿಕೆಯಲ್ಲಿ.